ಲೊವೆಲ್ ಟ್ರೆಡ್‌ವೇ ಎಣಿಕೆ ತಪ್ಪಿದ ಸಂಜೆ

ಎದೆಗೆ ಕವಚ, ಮೊಣಕಾಲಿಗೆ ಚಿಪ್ಪು, ಮುಖಕ್ಕೆ ಕಬ್ಬಿಣದ ಜಾಲರಿ. ಅಮೆರಿಕದ ಅಯೋವಾದ ಮೆಕ್ಕೆಜೋಳದ ಹೊಲಗಳ ನಡುವಿನ ಬೇಸ್‌ಬಾಲ್ ಮೈದಾನಗಳಿಗೆ ಅಂಪೈರ್ ಲೊವೆಲ್ ಟ್ರೆಡ್‌ವೇ ಹನ್ನೊಂದು ವರ್ಷ ಹೀಗೆಯೇ ಇಳಿದಿದ್ದ. ಮಹಾಯೋಧನ ವೇಷ, ಕೈಯಲ್ಲಿ ಮಾತ್ರ ಎಸೆತ ಎಣಿಸುವ ಪುಟ್ಟ ಯಂತ್ರ. ಅವನ ಮೇಲೆ ಬೈಗುಳ ಬಿದ್ದಷ್ಟು ಆ ಹೊಲಗಳ ಮೇಲೆ ಮಳೆಯೂ ಬಿದ್ದಿರಲಿಲ್ಲ.

ಈ ವರ್ಷ ಮೇಲಿನ ದರ್ಜೆಗೆ ಬಡ್ತಿ, ಇಲ್ಲವೇ ಮನೆ. ತೂಗಿ ನೋಡಲು ಬಂದ ಮೇಲ್ವಿಚಾರಕ ಓಡೆಲ್ ಪ್ರೂಯಿಟ್ ಮೊದಲ ಸಾಲಿನಲ್ಲಿ ಪುಸ್ತಕ ಬಿಚ್ಚಿ ಕೂತಿದ್ದ.

ಎಂಟನೆಯ ಸರದಿ, ಎರಡೂ ಕಡೆ ಸಮಸಮ. ಮೂರು ಬೇಸುಗಳಲ್ಲೂ ಊರ ತಂಡದ ಆಟಗಾರರು. ನಾಲ್ಕು ಎಸೆತ ಕೆಟ್ಟರೆ ಬ್ಯಾಟುಗಾರನಿಗೆ ಮೊದಲ ಬೇಸು ಪುಕ್ಕಟೆ; ಉಳಿದವರು ಒಂದೊಂದು ಬೇಸು ಮುಂದೆ ಸರಿದು ತಂಡಕ್ಕೊಂದು ರನ್. ಟ್ರೆಡ್‌ವೇ ಮೊದಲ ಬೇಸಿನತ್ತ ಕೈ ತೋರಿಸಿದ. ರನ್ ಬಂತು, ಒಂಬೈನೂರು ಜನ ಕುಣಿದರು. ಯಂತ್ರ ನಾಲ್ಕು ಅನ್ನುತ್ತಿತ್ತು. ನೆನಪು ಮಾತ್ರ ಮೂರು ಅಂದಿತು. ಬೆವರಿದ ಹೆಬ್ಬೆರಳು ಒಂದು ಸಲ ಹೆಚ್ಚಿಗೆ ಒತ್ತಿತ್ತು.

ಯಾರೂ ಗಮನಿಸಿರಲಿಲ್ಲ. ಸ್ಕೋರು ಫಲಕದ ದೀಪ ಕೆಟ್ಟಿತ್ತು, ಎಸೆಯುವವನು ತಲೆ ತಗ್ಗಿಸಿದ್ದ, ಪ್ರೂಯಿಟ್ ಟೈ ಮೇಲೆ ಚೆಲ್ಲಿದ ಸಾಸಿವೆ ಗೊಜ್ಜು ಒರೆಸುತ್ತಿದ್ದ. ಸುಮ್ಮನಿದ್ದರೆ ಬಡ್ತಿ. ಆದರೆ ಮುಂದಿನ ಎಸೆತ ಬೀಳುವವರೆಗೂ ತೀರ್ಪು ತಿದ್ದಲು ನಿಯಮದಲ್ಲಿ ಅವಕಾಶವಿತ್ತು.

ಟ್ರೆಡ್‌ವೇ ಎರಡೂ ಕೈ ಎತ್ತಿದ. "ವಾಪಸ್ ಬಾರಪ್ಪ. ಮೂರೇ ಆಗಿದ್ದು. ರನ್ ಇಲ್ಲ."

ಊರ ತಂಡದ ಮ್ಯಾನೇಜರ್ ಕೋಲ್ಬ್ ಹೊಟ್ಟೆ ಮುಂದಿಟ್ಟುಕೊಂಡು ಓಡಿ ಬಂದ. "ಏನಯ್ಯಾ, ನಾಲ್ಕರ ತನಕ ಎಣಿಸೋಕೂ ಬರಲ್ವಾ? ನನ್ನ ಮೊಮ್ಮಗಳು ಹತ್ತರ ತನಕ ಹೇಳ್ತಾಳೆ."

"ನಾಳೆ ಅವಳನ್ನೇ ಕರ್ಕೊಂಡು ಬಾ. ಇವತ್ತು ನಾನಿದೀನಿ. ಮೂರು."

"ಕೊಟ್ಟಿದ್ದನ್ನ ಕಿತ್ಕೋತೀಯಲ್ಲೋ ಕಳ್ಳ."

ಆ ಮಾತಿಗೆ ಒಂದೇ ಬೆಲೆ. ಟ್ರೆಡ್‌ವೇ ಬೆರಳು ಮೈದಾನದಾಚೆ ತೋರಿಸಿತು. ಕೋಲ್ಬ್ ಅವನ ಬೂಟಿಗೆ ಮಣ್ಣೊದ್ದು, ಟೋಪಿ ಬಿಸುಟು, ಪದಚ್ಯುತ ಚಕ್ರವರ್ತಿಯಂತೆ ನಿರ್ಗಮಿಸಿದ. ಮರಳಿ ಬಂದ ಬ್ಯಾಟುಗಾರ ಮುಂದಿನ ಎಸೆತವನ್ನು ಆಕಾಶಕ್ಕೆತ್ತಿ ಔಟಾದ, ಸರದಿ ಮುಗಿಯಿತು; ಒಂಬತ್ತನೆಯ, ಕೊನೆಯ ಸರದಿಯಲ್ಲಿ ಊರು ಸೋತಿತು. ಒಂಬೈನೂರು ಗಂಟಲುಗಳು ಟ್ರೆಡ್‌ವೇಯ ಮೂರು ತಲೆಮಾರನ್ನು ಸ್ಮರಿಸಿದವು.

ಆಟ ಮುಗಿದ ಮೇಲೆ ಮೈದಾನದ ಉಗ್ರಾಣದಲ್ಲಿ, ಗೊಬ್ಬರದ ಚೀಲಗಳ ನಡುವೆ ಅವನು ಕವಚ ಬಿಚ್ಚುತ್ತಿದ್ದಾಗ ಪ್ರೂಯಿಟ್ ಬಂದ.

"ನಾನು ನೋಡೇ ಇರಲಿಲ್ಲ ಕಣಯ್ಯಾ. ಬಾಯಿ ಮುಚ್ಕೊಂಡಿದ್ರೆ ಆಗ್ತಿತ್ತು."

"ಎಣಿಕೆ ತಪ್ಪಿದ್ದು ನಾನು. ಬರ್ಕೊಳ್ಳಿ ಸಾರ್."

"ಬರೆದೆ. ತಿದ್ಕೊಂಡದ್ದನ್ನೂ ಬರೆದೆ. ಎಣಿಸೋರು ಬೇಕಾದಷ್ಟು ಸಿಗ್ತಾರೆ; ಒಂಬೈನೂರು ಜನರ ಎದುರು ರನ್ ವಾಪಸ್ ತಗೊಳ್ಳೋರು ಸಿಗಲ್ಲ. ಏಪ್ರಿಲ್‌ಗೆ ಮೇಲಿನ ದರ್ಜೆ. ಅಲ್ಲಿ ಹನ್ನೆರಡು ಸಾವಿರ ಜನ ಸೇರ್ತಾರೆ, ನೆನಪಿರಲಿ."

ಟ್ರೆಡ್‌ವೇ ಬೂಟಿನ ಮಣ್ಣು ಕೊಡವಿದ. "ಅಲ್ಲೂ ಬೈಗುಳ ಇವೇ ತಾನೇ ಸಾರ್?"