ಕಾಲು ಮುಟ್ಟದ ಸೈಕಲ್

ಗೇರುಬೀಜದ ಫ್ಯಾಕ್ಟರಿಯಲ್ಲಿ ನನ್ನ ಕೆಲಸ ತಿರುಳನ್ನು ಗಾತ್ರ ನೋಡಿ ಬೇರೆ ಮಾಡುವುದು. ದೊಡ್ಡದು ಒಂದು ಕಡೆ, ಸಣ್ಣದು ಒಂದು ಕಡೆ, ಚೂರು ಇನ್ನೊಂದು ಕಡೆ. ಕೈಗೆ ತೆಗೆದುಕೊಂಡ ಕೂಡಲೇ ಗೊತ್ತಾಗುತ್ತದೆ, ಯೋಚನೆ ಮಾಡಬೇಕಾಗಿಲ್ಲ. ಅಂಥ ನಾನು ತಂಗಿಗೆ ಸೈಕಲ್ ತರುವಾಗ ಗಾತ್ರ ತಪ್ಪಿದೆ. ಗೊತ್ತಾಗದೆ ಆದದ್ದು ಎಂದು ಮನೆಯಲ್ಲಿ ಎಲ್ಲರೂ ತಿಳಿದಿದ್ದಾರೆ.

ತಂಗಿ ನನಗಿಂತ ತುಂಬ ಚಿಕ್ಕವಳು. ಅವಳು ಹುಟ್ಟಿದಾಗ ನಾನು ಏಳನೇ ಕ್ಲಾಸಿನಲ್ಲಿದ್ದೆ. ಅಪ್ಪ ಬೇಗ ತೀರಿಕೊಂಡರು. ಅಮ್ಮ ಬೆಳಿಗ್ಗೆಯೇ ಮೀನಿನ ಬುಟ್ಟಿ ಹೊತ್ತು ಹೊರಡಬೇಕು, ಮಗುವನ್ನು ನೋಡಲು ಜನ ಇಲ್ಲ. ನನ್ನ ಶಾಲೆ ಅಲ್ಲಿಗೆ ನಿಂತಿತು. ನನ್ನ ಸೊಂಟದ ಮೇಲೆಯೇ ಬೆಳೆದ ಹುಡುಗಿ ಅವಳು. ನಾನು ಮದುವೆಯಾಗಿ ಬ್ರಹ್ಮಾವರದ ಕಡೆ ಬಂದೆ. ಅವಳು ಕಿರಿಮಂಜೇಶ್ವರದಲ್ಲಿ ಅಮ್ಮನ ಜೊತೆ ಉಳಿದಳು.

ಈ ವರ್ಷ ಶಾಲೆ ಶುರುವಾಗುವ ಮೊದಲು ಫೋನ್ ಮಾಡಿದಳು.

"ಅಕ್ಕ, ನಮ್ ಕ್ಲಾಸಿನ್ ಹೆಣ್ ಮಕ್ಳೆಲ್ಲ ಸೈಕಲ್ಲಂಗ್ ಬತ್ತ್ರ್. ನಾನೊಬ್ಳೇ ನಡ್ಕಂಡ್ ಹೋಪುದ್."

"ನಿಂಗೆ ಬಿಡುಕ್ ಬತ್ತಾ?"

"ಬತ್ತ್. ಅವ್ರದ್ದೇ ಬಿಟ್ಟ್ ಕಲ್ತಿದೆ."

"ಈಗ ಎಷ್ಟ್ ಉದ್ದ ಆಯ್ದೆ?"

"ನಿನ್ ಹೆಗ್ಲಿಗ್ ಬತ್ತೆ."

ಹಿಂದಿನಿಂದ ಅಮ್ಮನ ದನಿ ಕೇಳಿಸಿತು. "ಹೆಗ್ಲಿಗ್ ಅಂಬ್ರ್. ಕುರ್ಚಿ ಮೇಲ್ ನಿಂತ್ಕಂಡ್ ಆಯ್ಕ್."

ಬ್ರಹ್ಮಾವರದ ಸೈಕಲ್ ಅಂಗಡಿಗೆ ಗಂಡನ ಜೊತೆ ಹೋದೆ. ಅಂಗಡಿಯವರು ಮೊದಲು ಕೇಳಿದ್ದು, "ಮಗುನ್ ಕರ್ಕಂಡ್ ಬರ್ಲಿಲ್ಯಾ?" ಎಂದು. ದೂರ ಎಂದೆ. ಅವರು ಸಣ್ಣದೊಂದು, ದೊಡ್ಡದೊಂದು ಸೈಕಲನ್ನು ಪಕ್ಕಪಕ್ಕದಲ್ಲಿ ನಿಲ್ಲಿಸಿದರು. "ಸೀಟಂಗ್ ಕೂತ್ರೆ ಎರ್ಡೂ ಕಾಲ್ ನೆಲಕ್ ಮುಟ್ಕ್. ಇಲ್ದಿರೆ ನಿಲ್ಸುದ್ ಹ್ಯಾಂಗೆ?"

ನಾನು ಸಣ್ಣ ಸೈಕಲಿನ ಸೀಟಿನ ಮೇಲೆ ಕೈ ಇಟ್ಟೆ. ರಜೆಯಲ್ಲಿ ಹೋದಾಗ ಅವಳನ್ನು ಎದುರು ನಿಲ್ಲಿಸಿಕೊಂಡು ತಲೆ ಬಾಚಿದ್ದು ನೆನಪಾಯಿತು. ಅವಳ ನೆತ್ತಿ ನನ್ನ ಎದೆಯ ಕೆಳಗಿತ್ತು. ಇದೇ ಸರಿ ಎಂದು ಕೈಗೆ ಗೊತ್ತಾಯಿತು. ಬಾಯಿ ಮಾತ್ರ ದೊಡ್ಡದನ್ನು ಕೊಡಿ ಎಂದಿತು.

ಬೆಳೆಯುವ ಮಕ್ಕಳಲ್ಲವೇ ಎಂದೆ. ಲಂಗ, ಚಪ್ಪಲಿ, ಯೂನಿಫಾರ್ಮ್ ಎಲ್ಲವನ್ನೂ ನಾವು ಹಾಗೇ ತರುವುದು, ಒಂದು ಬೆರಳು ದೊಡ್ಡದಾಗಿ. ಆದರೆ ಮನಸ್ಸಿನೊಳಗೆ ಇದ್ದದ್ದು ಬೇರೆ. ಸಣ್ಣದು ಕೊಂಡರೆ ಎರಡು ವರ್ಷಕ್ಕೆ ಮತ್ತೆ ಕೇಳುತ್ತಾಳೆ, ನಾನು ಮತ್ತೆ ದುಡ್ಡಿಗೆ ಗಂಡನ ಮುಖ ನೋಡಬೇಕು. ಒಂದೇ ಸಲಕ್ಕೆ ಮುಗಿಯಲಿ ಅನ್ನಿಸಿತು. ಸೊಂಟದಿಂದ ಇಳಿಸಿದ ಮೇಲೂ ಇವಳನ್ನು ಹೊರುವುದು ಮುಗಿಯಲಿಲ್ಲವಲ್ಲ ಎಂದೂ ಅನ್ನಿಸಿತು. ಅದನ್ನು ಯಾರಿಗೂ ಹೇಳಿಲ್ಲ.

"ಆಯ್ಲ ಅಂದ್ರೆ ವಾಪಾಸ್ ತನಿ, ಬದ್ಲ್ ಕೊಡ್ತೆ. ಹೊಸ್ತ್ ಹ್ಯಾಂಗಿತ್ತೋ ಹಾಂಗೇ ಇರ್ಕ್," ಎಂದರು ಅಂಗಡಿಯವರು.

ಗಂಡನದು ಗೂಡ್ಸ್ ರಿಕ್ಷಾ. ಸೈಕಲನ್ನು ಹಿಂದೆ ಕಟ್ಟಿ ಹೊರಟೆವು. ಕುಂಭಾಶಿ ಬಂದಾಗ ಅವರು ಆನೆಗುಡ್ಡೆ ಗಣಪತಿ ದೇವಸ್ಥಾನದ ಕಡೆ ತಿರುಗಿಸಿದರು.

"ಹೊಸ ಗಾಡಿ. ಪೂಜಿ ಮಾಡ್ಸದೆ ಹೋಪುಕಾತ್ತಾ?"

"ಸೈಕಲ್ಲಿಗಾ?"

"ಅದ್ಕೆಂತ ಚಕ್ರ ಇಲ್ಯಾ?"

ಅಲ್ಲಿ ಭಟ್ಟರು ಹ್ಯಾಂಡಲಿಗೆ ಹೂ ಹಾಕಿ, ಕುಂಕುಮ ಹಚ್ಚಿ, ಮಂಗಳಾರತಿ ಎತ್ತಿದರು. ಗಂಡ ಲಿಂಬೆಹಣ್ಣಿನ ಮೇಲೆ ಚಕ್ರ ಹಾಯಿಸಿದರು. ಮೊದಲು ಮಗು ಕೂತು ನೋಡಲಿ ಎಂದು ಆಗಲೂ ಹೇಳಬಹುದಿತ್ತು. ಕೈಮುಗಿದು ನಿಂತೆ.

ಮನೆಯಲ್ಲಿ ತಂಗಿಯನ್ನು ಎತ್ತಿ ಕೂರಿಸಿದಾಗ ಎರಡೂ ಕಾಲು ಗಾಳಿಯಲ್ಲಿದ್ದವು. ಗಂಡ ಸೀಟನ್ನು ಪೂರ್ತಿ ಇಳಿಸಿದರು. ಅವಳು ಸೈಕಲನ್ನು ಒಂದು ಬದಿಗೆ ವಾಲಿಸಿ, ಒಂದು ಕಾಲಿನ ಹೆಬ್ಬೆರಳನ್ನು ಹೇಗೋ ನೆಲಕ್ಕೆ ತಾಗಿಸಿದಳು.

"ಮುಟ್ಟತ್ತ್ ಅಕ್ಕ. ಕಾಣ್."

"ಅದ್ ಮುಟ್ಟುದಲ್ಲ, ನೆಲ ಮೂಸುದ್," ಎಂದಳು ಅಮ್ಮ.

ಅಂಗಡಿಯವರು ಬದಲು ಕೊಡುತ್ತಾರೆ ಎಂದೆ. ಅಮ್ಮ ಹ್ಯಾಂಡಲಿನ ಕುಂಕುಮ ನೋಡಿದಳು. "ಗಣ್ಪತಿ ಎದ್ರ್ ಇಟ್ಟದ್ದನ್ನ್ ಒರ್ಸಿ ಅಂಗ್ಡಿಗ್ ಕೊಡುದಾ? ನಾಳೆ ಮಗುಗ್ ಎಂತಾರೂ ಆರೆ?"

ಒದ್ದೆ ಬಟ್ಟೆ ತಂದೆ. ಅದನ್ನು ಹ್ಯಾಂಡಲಿನ ತನಕ ಒಯ್ದೆ. ಒರೆಸಲು ನನಗೂ ಧೈರ್ಯ ಬರಲಿಲ್ಲ. ಬಟ್ಟೆಯನ್ನು ಹಿಂಡಿ ಒಣಗಲು ಹಾಕಿ ಬ್ರಹ್ಮಾವರಕ್ಕೆ ಬಂದೆ.

ತಂಗಿ ಜಗಲಿಯ ಕಟ್ಟೆ ಹತ್ತಿ ನಿಂತು ಸೈಕಲ್ ಏರುವುದನ್ನು ರೂಢಿ ಮಾಡಿಕೊಂಡಳು. ಹತ್ತಲು ಮನೆಯಲ್ಲಿ ಕಟ್ಟೆಯಿತ್ತು. ನಿಲ್ಲಿಸಲು ದಾರಿಯಲ್ಲಿ ಏನಿತ್ತು? ಶಾಲೆ ಶುರುವಾಗಿ ಒಂದು ವಾರವೂ ಆಗಿರಲಿಲ್ಲ, ತಿರುವಿನಲ್ಲಿ ಎದುರು ರಿಕ್ಷಾ ಬಂತಂತೆ. ಇವಳು ಬ್ರೇಕ್ ಹಿಡಿದಳು, ಸೈಕಲ್ ನಿಂತಿತು, ಊರಲು ಕಾಲಿಗೆ ನೆಲ ಸಿಗಲಿಲ್ಲ. ಬಿದ್ದು ಗಲ್ಲ ಒಡೆಯಿತು. ಬೈಂದೂರಿಗೆ ಕರೆದುಕೊಂಡು ಹೋಗಿ ಹೊಲಿಗೆ ಹಾಕಿಸಿದರು. ಕಾಲು ಮುಟ್ಟುವ ತನಕ ಅದನ್ನು ಹತ್ತಕೂಡದು ಎಂದು ಅಮ್ಮ ಹೇಳಿಬಿಟ್ಟಳು.

ಸುದ್ದಿ ಕೇಳಿ ಓಡಿದೆ. ಗಲ್ಲದ ಕೆಳಗೆ ಕಪ್ಪು ದಾರ ಎದ್ದು ಕಾಣುತ್ತಿತ್ತು. ನನ್ನ ಮುಖ ನೋಡಿ ಅವಳೇ ಮೊದಲು ಮಾತಾಡಿದಳು.

"ನಂದೇ ತಪ್ಪ್ ಅಕ್ಕ. ನಾನ್ ಹೆಗ್ಲಿಗ್ ಬತ್ತೆ ಅಂದಿದೆ ಅಲ್ದಾ."

ಅಲ್ಲ ಎನ್ನಬೇಕಿತ್ತು. ಅಂಗಡಿಯಲ್ಲೇ ನನಗೆ ಗೊತ್ತಿತ್ತು ಎನ್ನಬೇಕಿತ್ತು. ಅಮ್ಮ ಅಲ್ಲೇ ಅಕ್ಕಿ ಆರಿಸುತ್ತಿದ್ದಳು. ನಾನು ಎಣ್ಣೆ ತಂದು ತಂಗಿಯ ತಲೆಗೆ ಹಚ್ಚುತ್ತ ಕೂತೆ.

ಗಾಯ ಸ್ವಲ್ಪ ಮಾಗಿದ ಮೇಲೆ ಮತ್ತೊಂದು ಸಲ ಹೋಗಿದ್ದೆ. ಬೆಳಿಗ್ಗೆ ಶಾಲೆಗೆ ಹೊರಟವಳು ಚೀಲವನ್ನು ಸೈಕಲಿನ ಕ್ಯಾರಿಯರಿಗೆ ಸಿಕ್ಕಿಸಿ, ಸೈಕಲನ್ನು ನೂಕಿಕೊಂಡು ನಡೆದಳು.

"ಬಿಡುಕಿಲ್ಲ ಅಂದ್ಮೇಲ್ ಎಂತಕ್ ತಕಂಡ್ ಹೋಪುದ್?"

"ಶಾಲಿಯಂಗ್ ಎಲ್ಲರ್ದೂ ಒಟ್ಟಿಗ್ ನಿಲ್ಸುದ್. ನಂದೂ ಇರ್ಲಿ."

ನಾನು ಇನ್ನೊಂದು ಬದಿಯಿಂದ ಸೀಟು ಹಿಡಿದುಕೊಂಡು ಜೊತೆಗೆ ಹೋದೆ. ಅವಳ ಗೆಳತಿಯರು ಬೆಲ್ ಹೊಡೆಯುತ್ತ ನಮ್ಮನ್ನು ದಾಟಿ ಹೋದರು. ಏರು ಬಂದಾಗ ಅವಳ ಉಸಿರು ಜೋರಾಯಿತು. ಹೈವೇಯ ಹತ್ತಿರ ನನ್ನ ಬಸ್ಸು ಬರುವುದು ಕಾಣಿಸಿತು.

"ನೀ ಬಿಡಕ್ಕ, ನಾ ನೂಕ್ತೆ. ಬರು ವರ್ಷಕ್ ಕಾಲ್ ಮುಟ್ಟತ್ತ್."

ನಾನು ಸೀಟು ಬಿಟ್ಟೆ. ಬಸ್ಸು ಹತ್ತಿ ಕಿಟಕಿಯಿಂದ ನೋಡಿದಾಗ ಸೈಕಲಿನ ಆಚೆ ಅವಳ ತಲೆ ಮಾತ್ರ ಕಾಣುತ್ತಿತ್ತು. ನಿಜ ಹೇಳಿದರೆ ಅವಳ ಕಾಲೇನೂ ಉದ್ದವಾಗುವುದಿಲ್ಲ ಎಂದು ನನಗೆ ನಾನೇ ಹೇಳಿಕೊಂಡೆ. ಆದರೂ ತಪ್ಪು ತನ್ನದಲ್ಲ ಎಂದಾದರೂ ಅವಳಿಗೆ ಗೊತ್ತಿರುತ್ತಿತ್ತು, ಅಷ್ಟು ಭಾರವನ್ನು ನೂಕುವಾಗ.