ಬಾಗಿಲಲ್ಲಿ ನಿಂತ ವೇಷ

ನನ್ನ ಚಿಕ್ಕಪ್ಪನ ಹಣೆಯ ಮೇಲೆ ಎರಡು ಅಡ್ಡಗೆರೆಗಳಿದ್ದವು. ಮೇಲಿನದು ಹಳೆಯದು, ನುಣುಪಾದದ್ದು. ಯಕ್ಷಗಾನದ ಮುಂಡಾಸನ್ನು ವರ್ಷಗಟ್ಟಲೆ ಬಿಗಿದು ಕಟ್ಟಿ ಬಿದ್ದ ಗೆರೆ. ಕೆಳಗಿನದು ಹುಬ್ಬಿನ ಹತ್ತಿರವೇ ಇತ್ತು. ಸದಾ ಕೆಂಪಗೆ, ಬೇಸಿಗೆಯಲ್ಲಿ ಕೀವು ಕಟ್ಟಿಕೊಂಡಿರುತ್ತಿತ್ತು. ಅದು ಮದ್ರಾಸಿನ ಕ್ರೋಂಪೇಟೆಯ ಹೋಟೆಲೊಂದರ ಬಾಗಿಲಲ್ಲಿ ತಗಡಿನ ಶಿರಸ್ತ್ರಾಣ ತೊಟ್ಟು ನಿಂತದ್ದಕ್ಕೆ ಸಿಕ್ಕಿದ್ದು. ಊರಿನಿಂದ ಯಾರಾದರೂ ಬಂದರೆ ಮೇಲಿನ ಗೆರೆ ಚೆನ್ನಾಗಿ ಕಾಣಲೆಂದು ಕೂದಲನ್ನು ಹಿಂದಕ್ಕೆ ಬಾಚಿಕೊಳ್ಳುತ್ತಿದ್ದರು. ಕೆಳಗಿನದನ್ನು ಗಂಧ ಹಚ್ಚಿ ಮುಚ್ಚುತ್ತಿದ್ದರು.

ಕುಂದಾಪುರದ ಕಡೆಯ ಒಂದು ಮೇಳದಲ್ಲಿ ಅವರು ರಾಜವೇಷ ಕಟ್ಟುತ್ತಿದ್ದವರು. ಮಂಡಿ ಊರಿ ಕುಣಿದೂ ಕುಣಿದೂ ಬಲಗಾಲಿನ ಮೊಣಕಾಲು ಕೈಕೊಟ್ಟಿತು. ಕುಣಿಯಲಾಗದ ರಾಜ ಮೇಳಕ್ಕೆ ಯಾಕೆ? ಮದುವೆಯಾಗಿರಲಿಲ್ಲ. ಒಂದು ಟ್ರಂಕು ಹಿಡಿದುಕೊಂಡು ತಾಂಬರಂನಲ್ಲಿದ್ದ ನಮ್ಮ ಮನೆಗೆ, ಅಂದರೆ ತಮ್ಮ ಅಣ್ಣನ ಮನೆಗೆ, ಬಂದರು. ಟ್ರಂಕಿನಲ್ಲಿ ಗೆಜ್ಜೆ, ಮುಂಡಾಸಿನ ಕೆಂಪು ಬಟ್ಟೆ, ಒಂದು ಕನ್ನಡಿ. ಉಡುವ ಬಟ್ಟೆ ಕೈಚೀಲದಲ್ಲಿತ್ತು.

ಅವರಿಗೆ ಕೆಲಸ ಕೊಟ್ಟವನು ನಮ್ಮೂರಿನವನೇ. ಕ್ರೋಂಪೇಟೆಯಲ್ಲಿ ಅವನದೊಂದು ಸಸ್ಯಾಹಾರಿ ಹೋಟೆಲು. ಎಲ್ಲರೂ ಅವನನ್ನು ಧಣಿ ಅನ್ನುತ್ತಿದ್ದರು. ನಾನೂ ಹಾಗೇ ಕರೆಯುತ್ತೇನೆ, ಆದರೆ ಅವನಿಗೆ ಮರ್ಯಾದೆ ಕೊಟ್ಟು ಬರೆಯಲು ನನ್ನ ಕೈ ಬರುವುದಿಲ್ಲ. ತೊಂಬತ್ತರ ದಶಕದ ಕೊನೆ. ಮಕ್ಕಳ ಹುಟ್ಟುಹಬ್ಬವನ್ನು ಹೋಟೆಲಿನಲ್ಲಿ ಮಾಡುವ ಹುಚ್ಚು ಮದ್ರಾಸಿಗೆ ಆಗಷ್ಟೇ ಹಿಡಿದಿತ್ತು. ಧಣಿ ಮಹಡಿಯ ಮೇಲೆ ಪಾರ್ಟಿ ಹಾಲ್ ಕಟ್ಟಿಸಿ, ಕೆಳಗೆ ಬೀದಿ ಬಾಗಿಲಿಗೆ ಪ್ಲೈವುಡ್ಡಿನಲ್ಲಿ ಯೂರೋಪಿನ ಕೋಟೆಯ ಹಾಗೆ ಬುರುಜು ಮಾಡಿಸಿದ. ಕೋಟೆಯ ಬಾಗಿಲಿಗೆ ಒಬ್ಬ ನೈಟ್, ಅಂದರೆ ಕವಚ ತೊಟ್ಟ ಸರದಾರ, ಬೇಕಲ್ಲ? ಕೋಡಂಬಾಕ್ಕಂನಲ್ಲಿ ಸಿನಿಮಾಕ್ಕೆ ಸಾಮಾನು ಮಾಡಿಕೊಡುವವನಿಂದ ತಲೆಯಿಂದ ಪಾದದವರೆಗೆ ತಗಡಿನ ಕವಚ, ಒಂದು ಈಟಿ ಮಾಡಿಸಿ ತಂದ. ಮೊಣಕಾಲು ಕೆಟ್ಟವನಿಗೆ ಓಡಾಡುವ ಕೆಲಸ ಆಗುವುದಿಲ್ಲ, ನಿಲ್ಲುವ ಕೆಲಸ ಆಗುತ್ತದೆ ಎಂಬುದು ಅವನ ಕರುಣೆ.

ಚಿಕ್ಕಪ್ಪ ಮೊದಲು ಒಪ್ಪಲಿಲ್ಲ. ಆಗ ಧಣಿ ನಮ್ಮ ಮನೆಗೇ ಬಂದು, ಅಪ್ಪನ ಎದುರಿಗೆ ಹೇಳಿದ: "ಒಂದ್ ಆಟ ಆಡ್ಸುವ ಮಾರಾಯ, ಇಲ್ಲೇ ಮದ್ರಾಸಂಗೆ. ಹೋಟ್ಲಿಗೆ ಇಪ್ಪತ್ತೈದ್ ವರ್ಷ ಆಪತಿಗೆ ಊರಿಂದ ಮೇಳ ತರ್ಸ್ತೆ. ರಾಜವೇಷ ನಿಂದೇ. ಅಲ್ಲಿವರಿಗ್ ಇದೊಂದ್ ನಿಲ್ಲ್."

ಆ ಒಂದು ಯಕ್ಷಗಾನದ ಆಟಕ್ಕಾಗಿ ಚಿಕ್ಕಪ್ಪ ಒಪ್ಪಿದರು. ಸಂಬಳಕ್ಕಲ್ಲ.

ನಾನು ಆಗ ಹೆಣ್ಣುಮಕ್ಕಳ ಕಾಲೇಜಿನಲ್ಲಿ ಇತಿಹಾಸ ತೆಗೆದುಕೊಂಡು ಬಿ.ಎ. ಓದುತ್ತಿದ್ದೆ. ಮರುದಿನ ಬೆಳಿಗ್ಗೆ ಕಾಫಿ ಲೋಟ ಹಿಡಿದುಕೊಂಡು ನನ್ನೆದುರು ಕೂತು ಕೇಳಿದರು: "ಮಗಾ, ಈ ತಗಡಿನವ ಯಾರ್? ಯಾರ್ ಬದಿಯವ? ಯಾರೊಟ್ಟಿಗ್ ಯುದ್ಧ ಮಾಡ್ದ?"

"ಅದೆಲ್ಲ ಯಾತಕ್ಕು ಚಿಕ್ಕಪ್ಪ? ಸುಮ್ಮನೆ ನಿಂತ್ರೆ ಪೋದುಂ ಅಲ್ವಾ?" ಅಂದೆ. ನನ್ನ ಕನ್ನಡ ಅರ್ಧ ತಮಿಳು, ಸಾಕು ಅನ್ನುವುದಕ್ಕೂ ಪೋದುಂ.

"ಕಥೆ ಗೊತ್ತಿಲ್ದೆ ವೇಷ ಕಟ್ಟೂಕ್ ಆತ್ತಾ? ಹಾಂಗ್ ಕಟ್ರೆ ಅದ್ ವೇಷ ಅಲ್ಲ, ಗದ್ದಿ ಬೆರ್ಚಪ್ಪ."

ಹಕ್ಕಿ ಹೆದರಿಸುವ ಬೊಂಬೆಯಾಗುವುದು ಅವರಿಗೆ ಬೇಡವಾಗಿತ್ತು. ಹಾಗಾಗಿ ಕಾಲೇಜಿನ ಲೈಬ್ರರಿಯಿಂದ ಪುಸ್ತಕ ತಂದು ನಾನು ಓದಿ ಹೇಳತೊಡಗಿದೆ. ಸರದಾರನಾಗುವವನು ಚಿಕ್ಕಂದಿನಲ್ಲೇ ಇನ್ನೊಬ್ಬ ಸರದಾರನ ಮನೆ ಸೇರಿ ಕುದುರೆ ಉಜ್ಜುತ್ತಾ, ಊಟ ಬಡಿಸುತ್ತಾ ವಿದ್ಯೆ ಕಲಿಯುತ್ತಿದ್ದ ಎಂದಾಗ, "ಮೇಳದಂಗೂ ಹಾಂಗೇ, ನಾನೂ ಮೊದ್ಲ್ ಗೆಜ್ಜಿ ಒರ್ಸಿದ್ದೆ" ಎಂದು ಖುಷಿಪಟ್ಟರು. ಯುದ್ಧದಲ್ಲಿ ಸಿಕ್ಕಿಬಿದ್ದ ದೊಡ್ಡ ಸರದಾರರನ್ನು ಒತ್ತೆಹಣ ಪಡೆದು ಬಿಡುತ್ತಿದ್ದರು, ಕಾಲಾಳುಗಳನ್ನು ಅಲ್ಲೇ ಕಡಿದು ಹಾಕುತ್ತಿದ್ದರು ಎಂದಾಗ ಕಾಫಿ ಕೆಳಗಿಟ್ಟರು. ಬಿಸಿಲಿನಲ್ಲಿ ಕಬ್ಬಿಣ ಕಾದು, ನೀರು ಸಿಗದೆ, ಕತ್ತಿ ಎತ್ತುವ ಮೊದಲೇ ಸೋತ ಸೈನ್ಯಗಳ ಕಥೆಯನ್ನೂ ಹೇಳಿದೆ. ಹಾಡುಗಳಲ್ಲಿ ಅದೆಲ್ಲ ಇರುವುದಿಲ್ಲ, ಹಾಡಿನಲ್ಲಿ ಸರದಾರ ಯಾವಾಗಲೂ ಬಡವರನ್ನು ಕಾಯುತ್ತಾನೆ, ನಿಜದಲ್ಲಿ ಬಡವರ ಹೊಲ ಸುಟ್ಟವನೂ ಅವನೇ ಅಂದೆ. "ಹಾಡ್ ಬೇರೆ, ಬದ್ಕ್ ಬೇರೆ. ವೇಷ ಕಟ್ಟುದ್ ಹಾಡಿಂದ್" ಅಂದರು.

ಅವರಿಗೆ ಹೆಚ್ಚು ಹಿಡಿಸಿದ್ದು ಮಾತು ಕೊಡುವ ಪದ್ಧತಿ. ಸರದಾರ ಮಂಡಿಯೂರಿ, ಎರಡೂ ಕೈ ಜೋಡಿಸಿ ಒಡೆಯನ ಅಂಗೈಗಳ ನಡುವೆ ಇಡಬೇಕು. ಒಡೆಯ ಆ ಕೈಗಳನ್ನು ಮುಚ್ಚಿ ಹಿಡಿಯಬೇಕು. ಇವನು ಜೀವ ಕೊಡುತ್ತೇನೆ ಅನ್ನುತ್ತಾನೆ, ಅವನು ಕಾಪಾಡುತ್ತೇನೆ ಅನ್ನುತ್ತಾನೆ.

"ಧಣಿ ಮಾತ್ ತಪ್ರೆ?"

"ಬಿಟ್ಟು ಬರಬಹುದು ಚಿಕ್ಕಪ್ಪ. ಆದರೆ ಕದ್ದು ಓಡಿ ಹೋಗೋ ಹಾಗಿಲ್ಲ. ಎದುರಿಗೆ ನಿಂತು, ನೀನು ಇನ್ನು ನನ್ನ ಒಡೆಯ ಅಲ್ಲ ಅಂತ ಹೇಳಿಬಿಟ್ಟು ಬರಬೇಕು."

"ಅದ್ ಲಾಯ್ಕಿತ್ತ್" ಅಂದರು. ಚೆನ್ನಾಗಿದೆ ಅಂತ.

ಬಾಗಿಲಲ್ಲಿ ಅವರು ನಿಂತದ್ದನ್ನು ನೋಡಿದ ಯಾರೂ ಅದನ್ನು ಹೋಟೆಲಿನ ಕೆಲಸ ಅನ್ನುತ್ತಿರಲಿಲ್ಲ. ಕಾಲು ಅಗಲಿಸಿ, ಮೊಣಕಾಲು ಸ್ವಲ್ಪ ಹೊರಕ್ಕೆ ಬಾಗಿಸಿ, ಎದೆ ಮುಂದಕ್ಕೆ. ಥೇಟ್ ರಂಗಸ್ಥಳದ ರಾಜನ ನಿಲುವು. ಈಟಿಯನ್ನು ನೆಲದಿಂದ ಬೆರಳಿನಷ್ಟು ಮೇಲೆತ್ತಿ ಹಿಡಿಯುತ್ತಿದ್ದರು. ಅದನ್ನು ಊರಿ ಅದರ ಮೇಲೆ ಭಾರ ಹಾಕಿದ್ದನ್ನು ನಾನು ಒಮ್ಮೆಯೂ ಕಂಡಿಲ್ಲ. ಮಕ್ಕಳು "ಬೊಮ್ಮೈ ಡಾ!" "ಇಲ್ಲೆ ಡಾ, ಉಳ್ಳ ಆಳ್ ಇರುಕ್ಕು!" ಎಂದು ಜಗಳವಾಡುತ್ತಾ ತಗಡಿನ ಮೇಲೆ ಕುಟ್ಟುತ್ತಿದ್ದವು. ಬೊಂಬೆಯೋ ಒಳಗೆ ಆಳಿದೆಯೋ ಎಂದು ಆ ಮಕ್ಕಳಾದರೂ ಯೋಚಿಸಿದವು.

ಒಂದು ಮೇ ತಿಂಗಳ ಮಧ್ಯಾಹ್ನ ನಾನು ನಿಂಬೆ ಶರಬತ್ತು ತೆಗೆದುಕೊಂಡು ಹೋದೆ. ಅಗ್ನಿನಕ್ಷತ್ರದ ಬಿಸಿಲು. ಕವಚ ಮುಟ್ಟಿದರೆ ಕೈ ಚುರ್ ಅಂದಿತು. ಮುಖದ ಮೇಲಿನ ತಗಡಿನ ಮುಚ್ಚಳವನ್ನು ಒಂದು ಬೆರಳಲ್ಲಿ ಎತ್ತಬಹುದಿತ್ತು. ಚಿಕ್ಕಪ್ಪ ಎತ್ತಲಿಲ್ಲ. ನನ್ನ ಕಡೆ ತಿರುಗಲೂ ಇಲ್ಲ. ಸಂಜೆ ಮನೆಗೆ ಬಂದ ಮೇಲೆ ನನಗೇ ಬೈದರು: "ರಂಗಸ್ಥಳದಂಗ್ ನಿಂತ ರಾಜ ಶರ್ಬತ್ ಕುಡಿತ್ನಾ? ಮಂಗಳ ಹಾಡುವರಿಗ್ ಮುಚ್ಚಳ ತೆಗುಕಿಲ್ಲೆ."

ನಾನೂ ಬಿಡಲಿಲ್ಲ. "ಅದು ರಂಗಸ್ಥಳ ಅಲ್ಲ ಚಿಕ್ಕಪ್ಪ, ಇಡ್ಲಿ ಹೋಟೆಲಿನ ಬಾಗಿಲು" ಅಂದೆ.

ಅವರು ಎದ್ದು ಹೋಗಿ ಹಣೆಗೆ ಗಂಧ ತೇದುಕೊಂಡರು. ಎಲ್ಲ ಸಂಕಟಕ್ಕೂ ಕಾರಣ ಇದೇ ಆಗಿತ್ತು. ಧಣಿ ಬಾಗಿಲಿಗೆ ಒಂದು ಬೊಂಬೆ ನಿಲ್ಲಿಸಿದ್ದ, ಇವರು ಬಾಗಿಲನ್ನೇ ರಂಗಸ್ಥಳ ಎಂದುಕೊಂಡಿದ್ದರು.

ಹೀಗೆ ವರ್ಷಗಳು ಹೋದವು. ನನ್ನ ಓದು ಮುಗಿದು ಶಾಲೆಯೊಂದರಲ್ಲಿ ಕೆಲಸ ಸಿಕ್ಕಿತು. ಹೋಟೆಲಿಗೆ ಇಪ್ಪತ್ತೈದು ತುಂಬುವ ವರ್ಷ ಬಂತು. ಧಣಿ ನಿಜಕ್ಕೂ ಊರಿನಿಂದ ಮೇಳ ಕರೆಸಿದ. ಚಿಕ್ಕಪ್ಪ ಮೊದಲೇ ಟ್ರಂಕು ತೆಗೆದು ಕೆಂಪು ಬಟ್ಟೆ ಒಗೆದು ಒಣಗಿಸಿದರು. ದಿನಾ ಬೆಳಿಗ್ಗೆ ಮೊಣಕಾಲಿಗೆ ಎಣ್ಣೆ ಹಚ್ಚಿ, ಬಚ್ಚಲಲ್ಲಿ ಬಾಗಿಲು ಹಾಕಿಕೊಂಡು ರಾಜನ ಮಾತುಗಳನ್ನು ಗಟ್ಟಿಯಾಗಿ ಹೇಳುತ್ತಿದ್ದರು. ಕೆಳಗಿನ ಮನೆಯ ತಮಿಳು ಮಾಮಿ "ಉಂಗ ಚಿತ್ತಪ್ಪಾ ಯಾರ್ ಕೂಡ ಸಂಡೆ ಪೋಡರಾರ್?" ಎಂದು ಕೇಳಿ ನಗುತ್ತಿದ್ದರು. ಯಾರ ಜೊತೆ ಜಗಳ ಆಡುತ್ತಿದ್ದಾರೆ, ಅಂತ. ನಮ್ಮ ಮನೆಯಲ್ಲಿ ಅಷ್ಟು ಸಂತೋಷದ ದಿನಗಳು ಅದಕ್ಕೂ ಮೊದಲು ಬಂದಿರಲಿಲ್ಲ.

ಆಟದ ದಿನ ಸಂಜೆ ಗೆಜ್ಜೆಯ ಗಂಟು ಹಿಡಿದುಕೊಂಡು ಚಿಕ್ಕಪ್ಪ, ಅವರ ಜೊತೆ ನಾನು, ಮಹಡಿ ಹತ್ತಿದೆವು. ಬಣ್ಣ ಹಚ್ಚುವ ಕೋಣೆಯ ಬಾಗಿಲಲ್ಲೇ ಧಣಿ ಸಿಕ್ಕಿದ.

"ಎಂತ ಮಾರಾಯ, ಇನ್ನೂ ಕವಚ ಹಾಕ್ಲಿಲ್ಯಾ? ಗೆಸ್ಟ್‌ಗಳೆಲ್ಲ ಮಕ್ಕಳ್ನ್ ಕರ್ಕಂಡ್ ಬತ್ತಾ ಇದ್ರ್. ಮಕ್ಳ್ ಕೇಂಬುದೇ ನಿನ್ನ."

"ಧಣಿ, ಇವತ್ ಆಟ ಅಲ್ದಾ... ರಾಜವೇಷ..."

"ವೇಷಕ್ಕೆ ಮೇಳದವ್ರೇ ಇದ್ರಲ್ಲ. ನಿನ್ನ ಕಾಲಂಗೆ ಇನ್ ಕುಣುಕ್ ಆತ್ತಾ? ಇವತ್ತೊಂದಿನ ಬಾಗ್ಲಂಗ್ ನಿಲ್ಲ್."

ಕೊಟ್ಟ ಮಾತು ಅವನಿಗೆ ಮರೆತೇ ಹೋಗಿತ್ತು. ಮೋಸ ಮಾಡಬೇಕೆಂದು ಮಾಡಿದ್ದರೆ ಬಯ್ಯಬಹುದಿತ್ತು, ಅವನಿಗೆ ನೆನಪೇ ಇರಲಿಲ್ಲ. ನಾನು ಬಾಯಿ ತೆರೆದೆ. ಚಿಕ್ಕಪ್ಪ ನನ್ನ ಕೈ ಅದುಮಿದರು. ಗೆಜ್ಜೆಯ ಗಂಟನ್ನು ನನಗೆ ಕೊಟ್ಟು ಕವಚ ಇಟ್ಟಿದ್ದ ಕಡೆ ನಡೆದರು.

ನಾನು ಒಳಗೆ ಹೋಗಲಿಲ್ಲ. ಅವರ ಪಕ್ಕದಲ್ಲೇ ನಿಂತೆ. ಒಳಗೆ ಮಹಡಿಯಲ್ಲಿ ಚಂಡೆ ಬಿತ್ತು. ಯಾವನೋ ಒಬ್ಬ ರಾಜ ಬಂದು ಕುಣಿದ, ಮಾತಾಡಿದ, ಜನ ಚಪ್ಪಾಳೆ ತಟ್ಟಿದರು. ಹೊರಗೆ ಕವಚದೊಳಗೆ ಚಿಕ್ಕಪ್ಪನ ಬಲಗಾಲು ತಾಳ ಹಾಕುತ್ತಿತ್ತು, ಪ್ರತಿ ಪೆಟ್ಟಿಗೂ ಮೊಣಕಾಲಿನ ತಗಡು ಕಿಣಿ ಕಿಣಿ ಅನ್ನುತ್ತಿತ್ತು. ಬರುವವರೆಲ್ಲ ಅದನ್ನು ಕೇಳಿ ನಕ್ಕು ಒಳಗೆ ಹೋದರು. ಅವತ್ತು ಆ ಪ್ಲೈವುಡ್ ಕೋಟೆಗೆ ಬೆಂಕಿ ಹಚ್ಚಬೇಕೆನಿಸಿತ್ತು ನನಗೆ. ಈಗಲೂ ಅನಿಸುತ್ತದೆ.

ಭಾಗವತರು ಮಂಗಳ ಹಾಡಿ ಮುಗಿಸುವವರೆಗೆ ಚಿಕ್ಕಪ್ಪ ಅಲುಗಲಿಲ್ಲ. ಮುಗಿದ ಮೇಲೆ ಶಿರಸ್ತ್ರಾಣ ತೆಗೆದು, ಕಣ್ಣಿಗೊತ್ತಿಕೊಂಡು, ನೇರ ಕ್ಯಾಶ್ ಕೌಂಟರಿಗೆ ಹೋಗಿ ಧಣಿಯ ಮುಂದೆ ಇಟ್ಟರು.

"ಮಂಗಳ ಆಯ್ತ್. ಇನ್ ನೀವ್ ನನ್ನ ಧಣಿ ಅಲ್ಲ" ಅಂದರು.

ಧಣಿ ನಕ್ಕ. "ಸುಸ್ತಾಯ್ತ್ ಕಾಣತ್ತ್. ನಾಳೆ ಹನ್ನೊಂದ್ ಗಂಟಿಗ್ ಬಾ" ಅಂದ.

ಚಿಕ್ಕಪ್ಪ ಮತ್ತೆ ಹೋಗಲಿಲ್ಲ. ಯಾರೂ ಕರೆಯಲೂ ಬರಲಿಲ್ಲ. ಆಮೇಲೆ ಅವರು ಹೆಚ್ಚು ದಿನ ಬದುಕಲಿಲ್ಲ. ಒಂದು ಬೆಳಿಗ್ಗೆ ಕಾಫಿಗೆ ಏಳಲೇ ಇಲ್ಲ. ಹಣೆಯ ಕೆಳಗಿನ ಗೆರೆ ಆ ಹೊತ್ತಿಗೆ ಪೂರ್ತಿ ಮಾಯ್ದಿತ್ತು. ನನಗೆ ಸಮಾಧಾನ ಅಂತ ಇದ್ದರೆ ಅದೊಂದೇ.

ಹದಿಮೂರನೆಯ ದಿನದ ಊಟಕ್ಕೆ ಊರಿನವರನ್ನೆಲ್ಲ ಕರೆಯಬೇಕು ಎಂದು ಅಪ್ಪ ಹಠ ಹಿಡಿದದ್ದರಿಂದ ಆ ಹೋಟೆಲಿಗೆ ಇನ್ನೊಮ್ಮೆ ಹೋದೆ. ಕೌಂಟರಿನ ಹಿಂದಿನ ಗೋಡೆಯಲ್ಲಿ ಒಂದು ದೊಡ್ಡ ಫೋಟೋ, ಅದಕ್ಕೆ ಗಂಧದ ಹಾರ, ಕೆಳಗೆ ಊದುಬತ್ತಿ. ಫೋಟೋದಲ್ಲಿ ಮುಖ ಮುಚ್ಚಿದ ತಗಡಿನ ಸರದಾರ.

"ಕಂಡ್ಯಾ? ನಾವ್ ನಮ್ ಜನರನ್ ಮರೆತಿಲ್ಲೆ" ಅಂದ ಧಣಿ.

ನಾನು ನೋಡಿದೆ. ಆ ಸರದಾರ ಕಾಲು ಸೇರಿಸಿ, ಒಂದು ಭುಜವನ್ನು ಕಂಬಕ್ಕೆ ಆನಿಸಿ, ಈಟಿಯನ್ನು ಊರುಗೋಲಿನ ಹಾಗೆ ಊರಿಕೊಂಡು ನಿಂತಿದ್ದ.

"ಇದು ಚಿಕ್ಕಪ್ಪ ಅಲ್ಲ" ಅಂದೆ.

"ಒಳ್ಗ್ ಯಾರ್ ಇದ್ರೆ ಎಂತ ಮಾರಾಯ್ತಿ? ವೇಷ ಅದೇ ಅಲ್ದಾ?"

ಊಟಕ್ಕೆ ಕರೆಯದೆ ಹೊರಗೆ ಬಂದೆ. ಬಾಗಿಲಲ್ಲಿ, ಒಳಗೆ ಹೋಗುವಾಗ ನಾನು ನೋಡಬಾರದೆಂದು ಮುಖ ತಿರುಗಿಸಿದ್ದ ಕಡೆ, ಅವನೇ ನಿಂತಿದ್ದ, ಫೋಟೋದಲ್ಲಿದ್ದವನು, ಕಂಬಕ್ಕೆ ಒರಗಿಕೊಂಡು. ನಾನು ಅತ್ತದ್ದನ್ನು ಕಂಡನೋ ಏನೋ, ಮುಖದ ಮುಚ್ಚಳ ಎತ್ತಿದ. ಇಪ್ಪತ್ತರ ಆಸುಪಾಸಿನ ಹುಡುಗ. ಹುಬ್ಬಿನ ಮೇಲೆ ಆಗಲೇ ಕೆಂಪು ಗೆರೆ ಬಿದ್ದಿತ್ತು.

"ಅಕ್ಕಾ, ಎನ್ ಫೋಟೋವುಕ್ಕು ಏನ್ ಮಾಲೆ ಪೋಟ್ಟಿರುಕ್ಕಾಂಗ?" ಎಂದು ಕೇಳಿದ. ನನ್ನ ಫೋಟೋಗೆ ಯಾಕೆ ಹಾರ ಹಾಕಿದ್ದಾರೆ, ಅಂತ.

ಬ್ಯಾಗಿನಿಂದ ನೀರಿನ ಬಾಟಲಿ ತೆಗೆದು ಅವನ ಕೈಗೆ ಕೊಟ್ಟೆ. ಅವನು ಅಲ್ಲೇ, ಬಾಗಿಲಲ್ಲೇ, ಜನರೆಲ್ಲ ನೋಡುತ್ತಿದ್ದ ಹಾಗೆ ಗಟಗಟ ಕುಡಿದ. ಚಿಕ್ಕಪ್ಪ ನೋಡಿದ್ದರೆ ಇಬ್ಬರಿಗೂ ಬೈಯುತ್ತಿದ್ದರು.