ಬೈಯದ ಮಲತಾಯಿ

ನಾಲವಾರದಲ್ಲಿ ನಾನು ಬೆಳೆದ ಓಣಿಗೆಲ್ಲ ಒಂದೇ ಟಿವಿ. ಅದರೊಳಗಿನ ಮಲತಾಯಂದಿರೆಲ್ಲ ಒಂದೇ ಥರ: ಹೆತ್ತ ಮಗನಿಗೆ ತುಪ್ಪ, ಸವತಿ ಮಗಳಿಗೆ ತಂಗಳು. ಹೆಂಗಸರು ಸೆರಗಿನಲ್ಲಿ ಕಣ್ಣೊರೆಸಿಕೊಳ್ಳುತ್ತ ಆಕೆಗೆ ಶಾಪ ಹಾಕುತ್ತಿದ್ದರು. ನಾನೂ ಹಾಕಿದ್ದೇನೆ.

ಮುಂದೆ ವಾಡಿಯ ಮಾಸ್ತರರೊಬ್ಬರನ್ನು ಮದುವೆಯಾದೆ. ಅವರ ಮೊದಲ ಹೆಂಡತಿ ತೀರಿಕೊಂಡಿದ್ದರು. ಹನ್ನೊಂದು ವರ್ಷದ ಮಗಳಿದ್ದಳು. ಓಣಿಯ ಮಂದಿಯೆಲ್ಲ ನಮ್ಮ ಅಡುಗೆಮನೆಗೆ ಕಿವಿಗೊಟ್ಟು ಕೂತಿದ್ದಾರೆ ಅನ್ನಿಸುತ್ತಿತ್ತು ನನಗೆ. ಅದಕ್ಕೇ ಆ ಹುಡುಗಿಗೆ ಒಂದು ಮಾತೂ ಬೈಯಲಿಲ್ಲ. ಪಲ್ಯ ಒಲ್ಲೆ ಅಂದರೆ ಇನ್ನೊಂದು ಪಲ್ಯ. ಆಕೆಯೂ 'ಚಿಗವ್ವ, ನೀವು' ಅಂತ ಭಾಳ ಮರ್ಯಾದೆಯಿಂದ ಮಾತಾಡುತ್ತಿದ್ದಳು. ಒಂದೇ ಮನೆಯೊಳಗೆ ಬೀಗರಂತೆ ಇದ್ದೆವು.

ಒಂದು ಭಾನುವಾರ ಮೂವರೂ ರೈಲು ಹತ್ತಿ ಕಲಬುರಗಿಗೆ ಹೋಗಿ ಹೊಸ ಸಿನಿಮಾ ನೋಡಿದೆವು. ಅದರಲ್ಲಿ ಮಲತಾಯಿ ಬಂದಾಗ, ಈಗ ತಂಗಳು ಬಡಿಸುತ್ತಾಳೆ ಅಂತ ಕಾದೆ. ಆದರೆ ಈಕೆ ಸಾಕ್ಷಾತ್ ದೇವತೆ! ಮಗಳು ತಟ್ಟೆ ಎಸೆದರೂ ನಗುತ್ತಾಳೆ, ಬಾಗಿಲು ಹಾಕಿಕೊಂಡರೆ ಹೊರಗೆ ಕೂತು ಅಳುತ್ತಾಳೆ. ಅಂತೂ ನಮ್ಮಂಥವರಿಗೂ ಒಳ್ಳೆಯ ಕಾಲ ಬಂತು ಅಂದುಕೊಂಡೆ.

ವಾಪಸು ಬರುವಾಗ ರೈಲು ಶಹಾಬಾದ ದಾಟಿತ್ತು. ಶೇಂಗಾ ಸುಲಿಯುತ್ತ ಹುಡುಗಿಯನ್ನು ಕೇಳಿದೆ, "ಹೆಂಗಿತ್ತವ್ವ ಸಿನಿಮಾ?"

"ಚಲೋ ಇತ್ತು. ಆದ್ರ ಆ ಚಿಗವ್ವ ಖರೇ ಅನಸಲಿಲ್ಲ."

"ಯಾಕ? ಎಷ್ಟು ಪ್ರೀತಿ ಮಾಡ್ತಾಳಲ್ಲ!"

"ಒಮ್ಮೆನೂ ಬೈಯಂಗಿಲ್ಲ. ಊರಿಂದ ಬಂದವರಿಗೆ ಬೈಯಂಗಿಲ್ಲ ನೋಡ್ರಿ, ಹಂಗ. ನನ್ನ ಗೆಳತಿಗೆ ಅವರವ್ವ ದಿನಾ ಬೈತಾಳ." ಕಿಟಕಿಯ ಕಡೆ ತಿರುಗಿ ಮೆಲ್ಲಗೆ ಅಂದಳು, "ನೀವೂ ಬೈಯಂಗಿಲ್ಲ."

ಸುಲಿದ ಶೇಂಗಾವನ್ನೆಲ್ಲ ಆಕೆಯ ಅಂಗೈಗೆ ಸುರಿದೆ.

ಮರುದಿನ ಮುಂಜಾನೆ ಹಾಲು ನೋಡಿಕೊಳ್ಳಲು ಹುಡುಗಿಗೆ ಹೇಳಿ ಹಿತ್ತಲಿಗೆ ಹೋಗಿದ್ದೆ. ಬಂದರೆ ಹಾಲೆಲ್ಲ ಉಕ್ಕಿ ಕಟ್ಟೆ ಮೇಲೆ ಹರಿದಿದೆ. ಈಕೆ ಮೊಬೈಲಿನಲ್ಲಿ ಮುಳುಗಿದ್ದಾಳೆ.

"ಏ! ಕಣ್ಣು ಎಲ್ಲಿಟ್ಟಿದ್ದಿ? ಇಡು ಅದನ್ನ ಕೆಳಗ!"

ನನ್ನ ದನಿಗೆ ನಾನೇ ಬೆಚ್ಚಿದೆ. ಮುಖಕ್ಕೆ ಸೋಪು ಹಚ್ಚಿಕೊಂಡಿದ್ದ ಮಾಸ್ತರರು ಹಾಗೇ ಓಡಿಬಂದರು. ಹುಡುಗಿ ಎದ್ದು ನಿಂತು ನನಗಿಂತ ಜೋರಾಗಿ, "ಒಂದು ಸಲ ಉಕ್ಕಿದ್ರ ಏನಾತು? ಯಾಕ ಇಷ್ಟು ಒದರಾಕತ್ತಿ?" ಅಂದಳು.

ಒದರಾಕತ್ತಿ! 'ಒದರಾಕತ್ತೀರಿ' ಅಲ್ಲ. ಇಬ್ಬರೂ ಒಬ್ಬರ ಮುಖ ಒಬ್ಬರು ನೋಡಿದೆವು. ಮೊದಲು ಆಕೆ ಕಿಸಕ್ಕೆಂದಳು. ಆಮೇಲೆ ನನಗೆ ತಡೆಯಲಾಗಲಿಲ್ಲ.

"ಇದು ಜಗಳೋ, ನಗೂದೋ?" ಅಂದರು ಮಾಸ್ತರರು, ಕಂಗಾಲಾಗಿ.

"ಎರಡೂ. ನೀವು ಹೋಗಿ ಗಡ್ಡ ಮಾಡ್ಕೋರಿ" ಅಂದೆ.

ಅವತ್ತು ಮೂವರೂ ಹಾಲಿಲ್ಲದ ಚಹಾ ಕುಡಿದೆವು, ತಪ್ಪು ಯಾರದೆಂದು ಗದ್ದಲ ಮಾಡುತ್ತ. ಬಾಗಿಲು ತೆರೆದೇ ಇತ್ತು. ಕೇಳುವವರು ಕೇಳಲಿ ಅಂತ ಬಿಟ್ಟೆ.